ದಕ್ಷಿಣ ಸುಡಾನಿನಿಂದ ಬಂದವರಿಗೆ ನಿದ್ದೆಯಿಲ್ಲ

ಪ್ರಶ್ನೆ: ನಮ್ಮದು ಶ್ರೀನಿವಾಸಪುರದ ಕಡೆಯ ಹಳ್ಳಿ. ಯಜಮಾನರು ಸೇನೆಯಲ್ಲಿ ಹವಾಲ್ದಾರ್. ದಕ್ಷಿಣ ಸುಡಾನಿನ ಶಾಂತಿಪಾಲನಾ ಪಡೆಯಿಂದ ಬಂದು ನಾಲ್ಕು ತಿಂಗಳಾಯಿತು, ಈಗ ರಜೆಯಲ್ಲಿದ್ದಾರೆ. ರಾತ್ರಿ ಕಿರುಚಿಕೊಂಡು ಏಳುತ್ತಾರೆ. ಪಕ್ಕದ ಮಾವಿನ ತೋಟಕ್ಕೆ ಬೋರ್‌ವೆಲ್ ಲಾರಿ ಬಂದ ದಿನ ಮಗನನ್ನು ನೆಲಕ್ಕೆ ಕೆಡವಿ ಮೇಲೆ ಮಲಗಿಬಿಟ್ಟರು. ಅತ್ತೆ ತಾಯಿತ ಕಟ್ಟಿಸಿದ್ದಾರೆ. ಡಾಕ್ಟರಿಗೆ ತೋರಿಸಿದರೆ ಕೆಟಗರಿ (ಸೇನೆ ಕೊಡುವ ಆರೋಗ್ಯದ ದರ್ಜೆ) ಇಳಿಸುತ್ತಾರೆಂದು ನನ್ನಿಂದ ಆಣೆ ಹಾಕಿಸಿಕೊಂಡಿದ್ದಾರೆ. ರಜೆ ಇನ್ನು ಹದಿನೈದೇ ದಿನ. ಏನು ಮಾಡಲಿ?

ಉತ್ತರ: ತಂಗಿ, ಅವರು ಮಗನನ್ನು ಕೆಡವಿದ್ದು ಕಾಪಾಡುವುದಕ್ಕೆ. ಲಾರಿಯ ಸದ್ದು ಅವರ ಮೈಗೆ ಗುಂಡಿನ ಸದ್ದಾಗಿ ಕೇಳಿಸಿದೆ. 2013ರಲ್ಲಿ ಆ ದೇಶದ ಜೊಂಗ್ಲೆಯಲ್ಲಿ ಹೊಂಚುದಾಳಿಗೆ ನಮ್ಮ ಐವರು ಯೋಧರು ಬಲಿಯಾದರು. ಅಂಥ ನೆಲ ಅದು. ಶಾಂತಿಪಾಲಕರ ಕೈಯಲ್ಲಿ ಬಂದೂಕಿದ್ದರೂ ನಿಯಮ ಮೀರಿ ಹಾರಿಸುವಂತಿಲ್ಲ. ಕಣ್ಣೆದುರಿನ ಸಾವನ್ನು ತಡೆಯಲಾಗಲಿಲ್ಲವೆಂಬ ಕೊರಗು ಎಷ್ಟೋ ಸಲ ಭಯಕ್ಕಿಂತ ಆಳಕ್ಕೆ ಇಳಿಯುತ್ತದೆ.

ಇಂಥ ಲಕ್ಷಣ ತಿಂಗಳು ದಾಟಿದರೆ ಪಿಟಿಎಸ್‌ಡಿ, ಅಂದರೆ ಭಯಾನಕ ಅನುಭವದ ನಂತರ ಉಳಿಯುವ ಮನಸ್ಸಿನ ಕಾಯಿಲೆ, ಇದೆಯೇ ಎಂದು ಮನೋವೈದ್ಯರು ನೋಡಲೇಬೇಕು. ತಾಯಿತ ಇರಲಿ, ಅತ್ತೆಯೊಂದಿಗೆ ಜಗಳ ಬೇಡ.

ರಾತ್ರಿ ಕಿರುಚಿದಾಗ ಭುಜ ಹಿಡಿದು ಅಲುಗಿಸಬೇಡಿ, ಅರೆನಿದ್ದೆಯಲ್ಲಿ ಕೈ ಬೀಸಿಯಾರು. ದೂರ ನಿಂತು ದೀಪ ಹಾಕಿ, ಹೆಸರು ಹಿಡಿದು ಕರೆದು, 'ನಮ್ಮ ಮನೆಯಲ್ಲೇ ಇದ್ದೀರಿ' ಎನ್ನಿ. ಎಚ್ಚರವಾದ ಮೇಲೆ ಕಾಲು ನೆಲಕ್ಕೂರಿಸಿ, ಕಾಣುವ ಐದು ವಸ್ತುಗಳ ಹೆಸರು ಹೇಳಿಸಿ. ಕ್ಯಾಂಟೀನ್ ರಮ್ ಕುಡಿದರೆ ಬೇಗ ಕಣ್ಣು ಮುಚ್ಚುತ್ತದೆ ನಿಜ, ಆದರೆ ನಡುರಾತ್ರಿಯ ನಂತರ ನಿದ್ದೆ ಚೂರುಚೂರಾಗುತ್ತದೆ. ಅಲ್ಲಿ ಮಲೇರಿಯಾಕ್ಕೆ ಯಾವ ಮಾತ್ರೆ ನುಂಗಿದ್ದರೆಂದು ಕೇಳಿಟ್ಟುಕೊಂಡು ವೈದ್ಯರಿಗೆ ತಿಳಿಸಿ. ಮೆಫ್ಲೋಕ್ವಿನ್ ಆಗಿದ್ದರೆ ಅದರಿಂದಲೂ ಕೆಟ್ಟ ಕನಸು, ಗಾಬರಿ ಬರುವುದುಂಟು.

ಇವತ್ತೇ 14416ಕ್ಕೆ ಕರೆ ಮಾಡಿ. ಅದು ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್. ಉಚಿತ, ಹಗಲೂ ರಾತ್ರಿಯೂ ಇರುತ್ತದೆ, ಕನ್ನಡದಲ್ಲೇ ಮಾತಾಡಬಹುದು. ಸೈನಿಕರಿಗೂ ಅವರ ಮನೆಯವರಿಗೂ 2023ರ ಡಿಸೆಂಬರ್‌ನಲ್ಲಿ ಪುಣೆಯಲ್ಲಿ ಅದರ ಪ್ರತ್ಯೇಕ ಘಟಕ ಶುರುವಾಯಿತು. ರಜೆ ಮುಗಿಯುವ ಮೊದಲೇ ಬೆಂಗಳೂರಿನ ಕಮಾಂಡ್ ಆಸ್ಪತ್ರೆಗೆ ಕರೆದುಕೊಂಡು ಹೋಗಿ. ಮಾತ್ರೆ ಕೊಟ್ಟರೆ ಗುಣ ಕಾಣಲು ನಾಲ್ಕರಿಂದ ಆರು ವಾರ ಬೇಕು. ಹತ್ತೇ ದಿನಕ್ಕೆ 'ಏನೂ ಆಗಲಿಲ್ಲ' ಎಂದು ಬಿಡುವವರೇ ಬಹಳ. ಕೆಟಗರಿಯನ್ನು ಮೊದಲು ತಾತ್ಕಾಲಿಕವಾಗಿ ಇಳಿಸಿ, ಆಮೇಲೆ ಮರುಪರಿಶೀಲಿಸುವ ಪದ್ಧತಿ ಸೇನೆಯಲ್ಲಿದೆ, ಇದನ್ನು ಅವರಿಗೆ ನೆನಪಿಸಿ. ಮುಚ್ಚಿಟ್ಟುಕೊಂಡು ಬಂದೂಕು ಹಿಡಿಯುವ ಡ್ಯೂಟಿಗೆ ಮರಳುವುದೇ ನನಗೆ ಹೆಚ್ಚು ಭಯ. ಈ ಆಣೆ ಮುರಿಯಿರಿ, ಅವರಿಗೆ ಹೇಳಿಯೇ ಮುರಿಯಿರಿ.

ಇನ್ನೊಂದು ಮಾತು. 'ಸಾಯಬೇಕು ಅನ್ನಿಸುತ್ತಾ?' ಎಂದು ನೇರವಾಗಿ ಕೇಳಿ. ಕೇಳಿದರೆ ಆ ಯೋಚನೆ ಹುಟ್ಟುವುದಿಲ್ಲ. ಹೌದೆಂದರೆ ಅವರನ್ನು ಕ್ಷಣವೂ ಒಬ್ಬರನ್ನೇ ಬಿಡದೆ, ಕೋಲಾರದ ಎಸ್‌ಎನ್‌ಆರ್ ಜಿಲ್ಲಾ ಆಸ್ಪತ್ರೆಗೆ ಆಗಲೇ ಹೊರಡಿ. ಮಾವಿಗೆ ಹೊಡೆಯುವ ಔಷಧಿ ಡಬ್ಬಗಳಿಗಂತೂ ಇವತ್ತೇ ಬೀಗ ಹಾಕಿ, ಕೀಲಿ ನಿಮ್ಮ ಸೊಂಟದಲ್ಲಿರಲಿ.