ದರ್ಜಿಗೂ ಹೇಳದ ಮಾತು

ಮದುವೆಯ ಬಟ್ಟೆಗಾಗಿ ಆಪ್ತಸಲಹೆಗೆ ಬರುವವರೂ ಇರುತ್ತಾರೆಯೇ ಎಂದು ಕೇಳುವವರಿದ್ದಾರೆ. ಬೇಸಿಗೆಯ ಮದುವೆ ಹಂಗಾಮು ಹತ್ತಿರವಾದಂತೆ ಕಲಬುರಗಿಯಲ್ಲಿ ಅಂಥವರು ಬಂದೇ ಬರುತ್ತಾರೆ. ನಿದ್ದೆಯಿಲ್ಲ, ಅವ್ವನ ಜೊತೆ ಮಾತಿಲ್ಲ ಎಂದು ಆರಂಭಿಸಿದವರು ಸ್ವಲ್ಪ ಹೊತ್ತಿಗೆ ಬಟ್ಟೆಯ ವಿಷಯಕ್ಕೆ ಬರುತ್ತಾರೆ. ಇದು ಅಂಥ ಒಬ್ಬಳ ಪ್ರಕರಣ. ಆಕೆಯ ಒಪ್ಪಿಗೆ ಪಡೆದು, ಗುರುತು ಸಿಗದಂತೆ ವಿವರಗಳನ್ನು ಬದಲಿಸಿ ಬರೆಯುತ್ತಿದ್ದೇನೆ.

ಬೀದರ್ ಕಡೆಯ ಮನೆತನ, ಕಲಬುರಗಿಯಲ್ಲಿ ನೌಕರಿ, ವಯಸ್ಸು 28ರ ಆಸುಪಾಸು. ಮೆಚ್ಚಿದ ಹುಡುಗ, ಮದುವೆ ಮಾತುಕತೆಯ ಯಾದಿ ಮುಗಿದಿತ್ತು, ಬೀಗರ ತಕರಾರೂ ಇರಲಿಲ್ಲ. ಆಕೆಗೆ ಬೇಕಿದ್ದದ್ದು ಬಿದ್ರಿ ಪಾತ್ರೆಯ ಬಣ್ಣದ ಉಡುಪು: ಮೊಣಕಾಲುದ್ದದ ಕಪ್ಪು ರೇಷ್ಮೆ ಕೋಟು, ಕೆಳಗೆ ನೇರ ಪೈಜಾಮ, ಕೊರಳಪಟ್ಟಿಗೂ ತೋಳಿನ ತುದಿಗೂ ಬೆಳ್ಳಿ ಜರಿಯ ಬಳ್ಳಿ. ಅದೂ ಆರತಕ್ಷತೆಗಲ್ಲ, ಅಕ್ಷತೆ ಬೀಳುವ ಹೊತ್ತಿಗೇ.

ಬಿದ್ರಿ ಕೆಲಸದಲ್ಲಿ ಸತು ಮತ್ತು ತಾಮ್ರದ ಮಿಶ್ರಲೋಹದಲ್ಲಿ ಬೆಳ್ಳಿ ಕೂರಿಸಿ, ಬೀದರ್ ಕೋಟೆಯ ಮಣ್ಣು ಮತ್ತು ನವಸಾಗರವೆಂಬ ಲವಣದಿಂದ ಸಂಸ್ಕರಿಸಿದರೆ ಲೋಹವೆಲ್ಲ ಕಪ್ಪಾಗಿ ಬೆಳ್ಳಿ ಮಾತ್ರ ಹೊಳೆಯುತ್ತದೆ. ಬಂದ ಅತಿಥಿಗಳಿಗೆಲ್ಲ ಹೆಮ್ಮೆಯಿಂದ ಬಿದ್ರಿ ಹೂದಾನಿ ಕೊಡುವ ಮನೆಗೆ ಮಗಳ ಮೈಮೇಲಿನ ಕಪ್ಪು ಮಾತ್ರ ಅಪಶಕುನವೇ ಎಂದು ಆಕೆ ಅವ್ವನನ್ನು ಕೇಳಿದ್ದಳು. ತಾಳಿಯ ಕರಿಮಣಿಯನ್ನೂ ಎಳೆದು ತಂದಿದ್ದಳು. ಅವ್ವನ ಬಳಿ ಉತ್ತರವಿರಲಿಲ್ಲ. ಅವರು ಊಟ ಬಿಟ್ಟು ಮಲಗಿದರು. ಸೀರೆಯುಡದ ಮದುವೆ ಕಾನೂನಿನಲ್ಲಿ ನಿಲ್ಲುವುದಿಲ್ಲ ಎಂದು ಸೋದರಮಾವ ಹೆದರಿಸಿದರು. 1955ರ ಹಿಂದೂ ವಿವಾಹ ಕಾಯ್ದೆಯ 7ನೇ ಕಲಂ ಆಯಾ ಕಡೆಯವರ ರೂಢಿಯ ವಿಧಿಗಳನ್ನು ಕುರಿತು ಹೇಳುತ್ತದೆಯೇ ಹೊರತು ಉಡುಪಿನ ಮಾತೆತ್ತುವುದಿಲ್ಲ. ಸೋದರಮಾವಂದಿರ ಕಾನೂನು ಯಾವಾಗಲೂ ಸ್ವಲ್ಪ ವಿಶಾಲವಾಗಿರುತ್ತದೆ.

ಮೊದಲ ಭೇಟಿಗಳು ಇದರಲ್ಲೇ ಕಳೆದವು. ಮುಖ್ಯವಾದದ್ದು ಆಕೆ ಕೈಚೀಲ ಹಿಡಿದು ಬಂದ ದಿನ.

ಚೀಲದಿಂದ ಕೋಟು ತೆಗೆದು ನನ್ನ ಮೇಜಿನ ಮೇಲೆ ಹರಡಿದಳು. ಬಟ್ಟೆ ಕಪ್ಪೇ. ಆದರೆ ತೋಳಿನ ಅಂಚಿಗೆ ಕೆಂಪು ಪೈಪಿಂಗ್ ಬಂದಿತ್ತು, ಬೆಳ್ಳಿಯ ಜಾಗದಲ್ಲಿ ಚಿನ್ನದ ಬಣ್ಣದ ಲೇಸು ಕೂತಿತ್ತು. ಬರಿ ಕಪ್ಪು ಚೆನ್ನಾಗಿ ಕಾಣುವುದಿಲ್ಲವೆಂದು ದರ್ಜಿ ಮಾಸ್ಟರ್ ತಾವಾಗಿಯೇ ಸೇರಿಸಿದ್ದರಂತೆ. ತೊಟ್ಟು ತೋರಿಸಿ ಎಂದೆ. ನಿಂತಾಗ ಸರಿಯಾಗಿಯೇ ಇತ್ತು. ಕುರ್ಚಿಯಲ್ಲಿ ಕೂತ ಕೂಡಲೇ ಹೊಟ್ಟೆಯ ಬಳಿಯ ಗುಂಡಿ ಎಳೆದುಕೊಂಡು ಕಾಜ ಬಾಯಿ ಬಿಟ್ಟಿತು.

“ಈ ಊರಿನಲ್ಲಿ ಯಾರಿಗೂ ಇದು ಬರುವುದಿಲ್ಲ ಮೇಡಂ. ಹೈದರಾಬಾದಿಗೇ ಹೋಗಬೇಕು.”

“ಮಾಸ್ಟರ್‌ಗೆ ಏನೆಂದು ಹೇಳಿದ್ದಿರಿ?”

“ಕಚೇರಿಯ ವಾರ್ಷಿಕೋತ್ಸವಕ್ಕೆ ಎಂದೆ. ಮದುವೆಗೆ ಎಂದರೆ ಮನೆಯ ಹಿರಿಯರನ್ನು ಕರೆದುಕೊಂಡು ಬಾ ತಂಗಿ ಎನ್ನುತ್ತಾರೆ.”

“ಅವ್ವನಿಗೆ?”

ಕೋಟಿನ ಗುಂಡಿ ಬಿಚ್ಚುತ್ತಲೇ ಉತ್ತರಿಸಿದಳು. “ಮಾಸ್ಟರ್ ಒಪ್ಪಿದ್ದಾರೆ, ಮುಂಗಡ ಕೊಟ್ಟಾಗಿದೆ, ಇನ್ನು ಬದಲಿಸಲು ಬರುವುದಿಲ್ಲ ಎಂದೆ. ಮೊದಲು ಕೇಳಿದ ಬೊಟಿಕ್‌ನಲ್ಲಿ ಅವ್ವ ಒಪ್ಪಿದ್ದಾರೆ ಎಂದಿದ್ದೆ.” ಸ್ವಲ್ಪ ತಡೆದು, “ಯಾರೂ ಒಪ್ಪಿಲ್ಲ ಮೇಡಂ. ನಾನು ವಾದ ಮಾಡಿದ್ದೇನೆ, ಸುಳ್ಳು ಹೇಳಿದ್ದೇನೆ. ಹೀಗೆ ಮಾಡಿಕೊಡುತ್ತೀರಾ ಎಂದು ಯಾರನ್ನೂ ಕೇಳಿಲ್ಲ” ಎಂದಳು.

ಅವ್ವನ ವಿಷಯ ಸದ್ಯಕ್ಕೆ ಬದಿಗಿರಲಿ, ಮೊದಲು ಹೋಗಿ ದರ್ಜಿಗೆ ನಿಜ ಹೇಳಿ ಎಂದು ನಾನು ಸಲಹೆ ಕೊಟ್ಟೆ.

ಇದನ್ನು ಕೇಳಿ ಸಹೋದ್ಯೋಗಿಯೊಬ್ಬರು ನಕ್ಕರು. ತಾಯಿಯನ್ನು ಕರೆಸಿ ಕೂರಿಸಿ ಮಾತಾಡಿಸಬೇಕಿತ್ತು ಎಂದರು. ಆದರೆ ದುಡಿದು ತಿನ್ನುವ ಹೆಣ್ಣುಮಗಳ ಪರವಾಗಿ ನಾನು ತಾಯಿಯೊಡನೆ ಮಾತಾಡಿದರೆ ಆಕೆಯ ಬಾಯಿಯನ್ನು ನಾನೇ ಮುಚ್ಚಿಸಿದಂತೆ. ಬಟ್ಟೆ ಬರಿ ನೆಪ, ಒಳಗೆ ಬೇರೇನೋ ಇರುತ್ತದೆ ಎಂಬುದು ನಮ್ಮ ವೃತ್ತಿಯ ಹಳೆಯ ಚಾಳಿ. ಒಳಗೆ ಬೇರೆಯದೂ ಇರಬಹುದು. ಆದರೂ ಆಕೆಗೆ ಬೇಕಿದ್ದದ್ದು ಕೋಟೇ, ಕೆಟ್ಟದ್ದೂ ಕೋಟೇ. “ಇದು ನನ್ನ ಮದುವೆಗೆ, ಹೀಗೇ ಬೇಕು” ಎಂಬ ಮಾತನ್ನು ಮೊದಲ ಸಲ ಆಡಲು ತಾಯಿಗಿಂತ ಅಪರಿಚಿತ ಮಾಸ್ಟರ್ ಸುಲಭ. ಆತ ಬೇಡವೆಂದರೆ ಪಕ್ಕದ ಅಂಗಡಿ ಇದೆ.

ದರ್ಜಿಗಳನ್ನೂ ನಾನು ಬೈಯುವುದಿಲ್ಲ. ಮದುವೆಯ ಬಟ್ಟೆಯಲ್ಲಿ ಹೆಚ್ಚುಕಡಿಮೆಯಾದರೆ ಮದುಮಗಳ ಕಡೆಯವರೆಲ್ಲ ಬಂದು ಅಂಗಡಿಯ ಮುಂದೆ ನಿಲ್ಲುತ್ತಾರೆ, ಬಾಕಿ ಹಣ ಮುಳುಗುತ್ತದೆ. ಹಿರಿಯರನ್ನು ಕರೆದುಕೊಂಡು ಬಾ ಎನ್ನುವುದು ಆ ಭಯಕ್ಕೆ. ಅದಕ್ಕೇ ಬೊಟಿಕ್‌ಗಳ ಗೊಂಬೆಗೆ ತೊಡಿಸಿದ ಲೆಹೆಂಗಾ ನೋಡಿ ಮರುಳಾಗಬೇಡಿ, ಶೇರವಾನಿ ಹೊಲಿಯುವ ಕೈ ಹುಡುಕಿ ಎಂದೆ; ಕೋಟಿನ ಹೆಗಲು ಕೂರಿಸುವುದು ರವಿಕೆ ಹೊಲಿದಷ್ಟು ಸಲೀಸಲ್ಲ. ಹೈದರಾಬಾದಿಗೆ ಹೋದರೆ ಪ್ರತಿ ಟ್ರಯಲ್‌ಗೂ ರಜೆ ಹಾಕಬೇಕಾಗುತ್ತದೆ. ಮೊದಲು ಕೋರಾ ಬಟ್ಟೆಯಲ್ಲಿ ಒಂದು ಮಾದರಿ ಹೊಲಿಸಿ, ಅದರ ಕೂಲಿ ಬೇರೆ ಕೊಡಿ. ಜರಿ ಕೆಲಸವನ್ನು ಬಟ್ಟೆ ಕತ್ತರಿಸುವ ಮೊದಲೇ ಅಡ್ಡೆಗೆ, ಅಂದರೆ ಕಸೂತಿಯ ಚೌಕಟ್ಟಿಗೆ, ಬಿಗಿದು ಮಾಡುತ್ತಾರೆ, ರೇಷ್ಮೆಯಲ್ಲಿ ಹೊಲಿಗೆ ಬಿಚ್ಚಿದರೆ ಸೂಜಿಯ ತೂತು ಉಳಿಯುತ್ತದೆ. ತಪ್ಪುವುದಿದ್ದರೆ ಅಗ್ಗದ ಬಟ್ಟೆಯಲ್ಲೇ ತಪ್ಪಲಿ. ಬಣ್ಣ, ದಾರ, ಒಪ್ಪಿಸುವ ದಿನಾಂಕ ಎಲ್ಲವನ್ನೂ ಬಿಲ್ಲಿನ ಮೇಲೆ ಬರೆಸಿ. 2019ರ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಹೊಲಿಗೆಯೂ ಸೇವೆಯೇ. ದೂರು ಕೊಡುವ ಪ್ರಸಂಗ ಬರದಿದ್ದರೂ ಬರೆಸಿಕೊಂಡ ಚೀಟಿ ಇದ್ದರೆ ಮಾಸ್ಟರ್ ಮನಸ್ಸಿಗೆ ಬಂದಂತೆ ಲೇಸು ಸೇರಿಸುವುದಿಲ್ಲ.

ಶೇರವಾನಿ ಹೊಲಿಯುವ ಹಿರಿಯ ಮಾಸ್ಟರ್ ಒಬ್ಬರು ಸಿಕ್ಕರು. ಮದುವೆಗೆ ಎಂದಾಗ ಅವರೂ ಮೊದಲು ತಲೆ ಕೆರೆದುಕೊಂಡರಂತೆ. ಆಮೇಲೆ ಅವರು ಕೇಳಿದ್ದನ್ನು ಆಕೆ ನನಗೆ ಒಂದೊಂದಾಗಿ ಹೇಳಿದಳು. ಮಣೆಯ ಮೇಲೆ ಚಕ್ಕಳಮಕ್ಕಳ ಕೂರುತ್ತೀಯಾ? ಎಷ್ಟು ಹೊತ್ತು? ಬಗ್ಗಿ ಹಿರಿಯರ ಕಾಲು ಮುಟ್ಟಬೇಕಲ್ಲವೇ? ದಂಡೆ ಕಟ್ಟುವಾಗ ಕೊರಳಪಟ್ಟಿ ಅಡ್ಡ ಬರುವುದಿಲ್ಲವೇ? ಮೇ ತಿಂಗಳು, 42 ಡಿಗ್ರಿ ಬಿಸಿಲು, ಸ್ಯಾಟಿನ್ ಅಸ್ತರ ಹಾಕಿದರೆ ಬೆಂದು ಹೋಗುತ್ತೀಯಾ, ಹತ್ತಿಯದು ಹಾಕುತ್ತೇನೆ. ಪಕ್ಕದ ಸೀಳನ್ನು ಸೊಂಟದವರೆಗೆ ಏರಿಸಿದರು, ಪೈಜಾಮದ ಆಸನವನ್ನು ಸಡಿಲ ಬಿಟ್ಟರು. ವಾರ್ಷಿಕೋತ್ಸವದ ವೇದಿಕೆಗೆಂದು ಹೊಲಿದ ಕೋಟು ಮಣೆಯ ಮೇಲೆ ಕೂರಲು ಬಾರದ್ದರಲ್ಲಿ ಮೊದಲಿನ ಮಾಸ್ಟರ್‌ನ ತಪ್ಪೇನೂ ಇರಲಿಲ್ಲ.

ಅದರ ನಂತರ ಆಕೆ ಅವ್ವನ ಬಳಿ ಹೋದಳು. ಮುಂಗಡ ಇನ್ನೂ ಕೊಟ್ಟಿಲ್ಲ, ನೀನು ಬೇಡವೆಂದರೂ ನನಗೆ ಇದೇ ಬೇಕು, ಆದರೆ ನಿನಗೆ ಸುಳ್ಳು ಹೇಳಿ ಹೊಲಿಸುವುದಿಲ್ಲ ಎಂದಳು. ಅವ್ವ ಒಂದು ವಾರ ಸಿಟ್ಟಿನಲ್ಲೇ ಇದ್ದರು. ಆಮೇಲೆ ಷರತ್ತು ಹಾಕಿದರು: ಅರಿಷಿಣಕ್ಕೂ ಸುರಗಿ ನೀರಿನ ಶಾಸ್ತ್ರಕ್ಕೂ ರೂಢಿಯ ಸೀರೆಯೇ ಇರಬೇಕು, ಕೈತುಂಬ ಹಸಿರು ಬಳೆ ಇರಬೇಕು. ಬಳೆಯ ಮಾತು ಕೇಳಿ ಮಾಸ್ಟರ್ ತೋಳನ್ನು ನಾಲ್ಕು ಬೆರಳು ಗಿಡ್ಡ ಮಾಡಿದರು.

ಮದುವೆ ಆಯಿತು. ಸೋದರಮಾವ ಬರಲಿಲ್ಲ, ಅವರು ಮಾಡಬೇಕಿದ್ದ ಶಾಸ್ತ್ರವನ್ನು ದೂರದ ಸಂಬಂಧಿಯೊಬ್ಬರು ಮಾಡಿದರು. ಅವ್ವ ತನ್ನ ಅಣ್ಣನ ಜೊತೆ ಇನ್ನೂ ಮಾತಾಡುತ್ತಿಲ್ಲ. ಅದಕ್ಕೆ ತಾನೇ ಕಾರಣ ಎಂಬ ಕೊರಗು ಹಿಡಿದು ಆಕೆ ಈಗ ಮತ್ತೆ ನನ್ನ ಬಳಿ ಬರುತ್ತಿದ್ದಾಳೆ.