ಗಣಿತ ಬಾರದ ಕ್ಯಾಮೆರಾಮನ್

ಪ್ರಶ್ನೆ: 1947ರ ‘ಬ್ಲ್ಯಾಕ್ ನಾರ್ಸಿಸಸ್’ ಚಿತ್ರ, ಹಿಮಾಲಯದಲ್ಲಿ ನೆಲೆಸುವ ಕ್ರೈಸ್ತ ಸನ್ಯಾಸಿನಿಯರ ಕಥೆ, ನೋಡಿ ಬೆರಗಾದೆ. ಅದನ್ನು ಹಿಮಾಲಯದಲ್ಲೇ ತೆಗೆದರೇ? ಛಾಯಾಗ್ರಾಹಕ ಜ್ಯಾಕ್ ಕಾರ್ಡಿಫ್‌ಗೆ ಗಣಿತ, ತಂತ್ರಜ್ಞಾನ ಏನೂ ಬರುತ್ತಿರಲಿಲ್ಲವಂತೆ, ನಿಜವೇ ಸರ್? ಗಣಿತದಲ್ಲಿ ಹಿಂದುಳಿದ ನಾನೂ ಈ ಕ್ಷೇತ್ರಕ್ಕೆ ಬರಬಹುದೇ? ಅಂಥ ಕಲಾವಿದ ಕೊನೆಗೆ ಹೊಡೆದಾಟದ ‘ರ‍್ಯಾಂಬೊ’ ತೆಗೆದದ್ದೇಕೆ?
– ಪಿಯು ವಿದ್ಯಾರ್ಥಿ, ಹಾಸನ

ಉತ್ತರ: ಹಿಮಾಲಯಕ್ಕೆ ಯಾರೂ ಹೋಗಲಿಲ್ಲ. ಚಿತ್ರದ ಬಹುಪಾಲು ಲಂಡನ್ ಬಳಿಯ ಪೈನ್‌ವುಡ್ ಸ್ಟುಡಿಯೊದಲ್ಲೇ ಆಯಿತು, ಕೆಲವು ಹೊರಾಂಗಣ ದೃಶ್ಯಗಳು ಸಸೆಕ್ಸ್‌ನ ಒಂದು ಉದ್ಯಾನದಲ್ಲಿ. ನೀವು ಕಂಡ ಪ್ರಪಾತ ಗಾಜಿನ ಮೇಲೆ ಬರೆದ ಚಿತ್ರ. ದೂರದ ಬೆಟ್ಟಗಳು, ದೊಡ್ಡದಾಗಿ ಮುದ್ರಿಸಿದ ಕಪ್ಪು-ಬಿಳುಪು ಫೋಟೊಗಳಿಗೆ ಬಣ್ಣದ ಸೀಮೆಸುಣ್ಣ ಬಳಿದು ಮಾಡಿದವು. ಆದರೆ ಕಾರ್ಡಿಫ್‌ಗೆ ನಮ್ಮ ದೇಶದ ಬಿಸಿಲು ಹೊಸದಾಗಿರಲಿಲ್ಲ. 1930ರ ದಶಕದ ಕೊನೆಯಲ್ಲಿ ಪ್ರವಾಸಿ ಕಿರುಚಿತ್ರಗಳಿಗಾಗಿ ಬಣ್ಣದ ಚಿತ್ರ ತೆಗೆಯುವ ಟೆಕ್ನಿಕಲರ್ ಕ್ಯಾಮೆರಾ ಹೊತ್ತು ಭಾರತಕ್ಕೆ ಬಂದಿದ್ದರು. ಅಂದಹಾಗೆ, ಈ ಚಿತ್ರದಲ್ಲಿ ಯುವ ಜನರಲ್ ಆಗಿ ಕಾಣಿಸುವ ಸಾಬು ನಮ್ಮ ಮೈಸೂರು ಸೀಮೆಯ ಕಾರಾಪುರದ ಮಾವುತನ ಮಗ.

ಇನ್ನು ಗಣಿತದ ಮಾತು. ಟೆಕ್ನಿಕಲರ್ ಕಂಪನಿಯ ಸಂದರ್ಶನದಲ್ಲಿ ‘ತಾಂತ್ರಿಕ ಪ್ರಶ್ನೆ ಕೇಳಿದರೆ ನನಗೆ ಬರುವುದಿಲ್ಲ’ ಎಂದು ಮೊದಲೇ ಹೇಳಿ, ಮನೆಗಳೊಳಗೆ, ರೈಲಿನಲ್ಲಿ ಬೆಳಕು ಹೇಗೆ ಬೀಳುತ್ತದೆಂದು ತಾವು ಗಮನಿಸುವುದನ್ನೂ ರೆಂಬ್ರಾಂಟ್‌ನಂಥ ಚಿತ್ರಕಾರರನ್ನೂ ಪ್ರಸ್ತಾಪಿಸಿ ಕೆಲಸ ಗಿಟ್ಟಿಸಿದರೆಂದು ಅವರೇ ಹೇಳಿಕೊಂಡಿದ್ದಾರೆ. ಕಥೆ ಚೆನ್ನಾಗಿದೆ, ಆದರೆ ಅದನ್ನು ನೆಚ್ಚಿ ಪುಸ್ತಕ ಮುಚ್ಚಬೇಡಿ. 1914ರಲ್ಲಿ ರಂಗಕಲಾವಿದರ ಮಗನಾಗಿ ಹುಟ್ಟಿದ ಅವರು ಬಾಲನಟನಾಗಿಯೇ ಸೆಟ್‌ಗೆ ಬಂದವರು. ಹದಿಹರೆಯದಲ್ಲೇ ಕ್ಲ್ಯಾಪ್ ಹಿಡಿದು, ಆಮೇಲೆ ಫೋಕಸ್ ನೋಡಿಕೊಂಡು, ಆಪರೇಟರ್ ಆಗಿ ಮೇಲೆ ಬಂದರು. ಸಂದರ್ಶನಕ್ಕೆ ಕೂತಾಗ ಬೆನ್ನಿಗೆ ಇಷ್ಟು ವರ್ಷಗಳ ದುಡಿಮೆ ಇತ್ತು.

ತಂತ್ರ ಗೊತ್ತಿಲ್ಲದವರು ಆ ಕ್ಯಾಮೆರಾವನ್ನು ಪಳಗಿಸುವುದು ಸಾಧ್ಯವೂ ಇರಲಿಲ್ಲ. ಲೆನ್ಸಿನ ಹಿಂದಿನ ಪ್ರಿಸಂ ಬೆಳಕನ್ನು ಒಡೆದು ಮೂರು ಕಪ್ಪು-ಬಿಳುಪು ಫಿಲ್ಮುಗಳಿಗೆ ಕಳಿಸುತ್ತಿತ್ತು, ಆಮೇಲೆ ಲ್ಯಾಬಿನಲ್ಲಿ ಬಣ್ಣ ಕೂಡುತ್ತಿತ್ತು. ಅದಕ್ಕೆ ಎಷ್ಟು ಬೆಳಕು ಸುರಿದರೂ ಸಾಲದು, ಆರ್ಕ್ ದೀಪಗಳ ಕಾವಿಗೆ ಸೆಟ್ಟೆಲ್ಲ ಧಗಧಗ. ಎಲ್ಲವೂ ಸ್ಪಷ್ಟವಾಗಿ, ಸಮನಾಗಿ ಕಾಣಬೇಕೆಂಬುದು ಟೆಕ್ನಿಕಲರ್‌ನವರ ಹಟ. ಆದರೆ ‘ಬ್ಲ್ಯಾಕ್ ನಾರ್ಸಿಸಸ್’ನಲ್ಲಿ ಕಾರ್ಡಿಫ್ ನೆರಳಿಗೆ ಹಸಿರು ತುಂಬಿದರು. ಗಂಟೆಯ ಬಳಿಯ ಆ ಬೆಳಗಿನ ಜಾವದ ದೃಶ್ಯಕ್ಕೆ ಚಿತ್ರವನ್ನು ಮಸುಕಾಗಿಸುವ ಮಂಜಿನ ಫಿಲ್ಟರ್ ಹಾಕಿದರು. ಕಂಪನಿ ಆಕ್ಷೇಪಿಸಿದಾಗ ನಿರ್ದೇಶಕ ಮೈಕೆಲ್ ಪೊವೆಲ್ ಇವರ ಪರ ನಿಂತರು. ಆಸ್ಕರ್ ಬಂದಿತು. ಮರುವರ್ಷ ‘ದಿ ರೆಡ್ ಶೂಸ್’ನಲ್ಲಿ ನರ್ತಕಿ ನೆಗೆದ ಕ್ಷಣ ಕ್ಯಾಮೆರಾದ ವೇಗ ಹೆಚ್ಚಿಸಿ (ವೇಗವಾಗಿ ತೆಗೆದದ್ದು ಪರದೆಯಲ್ಲಿ ನಿಧಾನವಾಗಿ ಕಾಣುತ್ತದೆ), ಆಕೆ ಗಾಳಿಯಲ್ಲಿ ತುಸು ಹೊತ್ತು ತಂಗಿದಂತೆ ತೋರಿಸಿದರು. ಇದು ಲೆಕ್ಕವಲ್ಲದೆ ಮತ್ತೇನು? ಹಾಗಾಗಿ ನೀವು ಧಾರಾಳವಾಗಿ ಬನ್ನಿ, ಆದರೆ ಅಪರ್ಚರ್, ಶಟರ್, ಫಿಲ್ಟರ್‌ಗಳ ಲೆಕ್ಕ ಕಲಿಯಲೇಬೇಕು. ಅದಕ್ಕೆ ಕ್ಯಾಲ್ಕುಲಸ್ ಬೇಕಿಲ್ಲ.

‘ರ‍್ಯಾಂಬೊ’ ಬಗ್ಗೆ ಮೂಗು ಮುರಿಯುವವರು ನಡುವಿನ ಕಾಲವನ್ನು ಮರೆಯುತ್ತಾರೆ. ಕಾರ್ಡಿಫ್ ನಿರ್ದೇಶಕರಾಗಿದ್ದರು. 1960ರ ‘ಸನ್ಸ್ ಅಂಡ್ ಲವರ್ಸ್’ ಏಳು ಆಸ್ಕರ್ ನಾಮನಿರ್ದೇಶನ ಪಡೆಯಿತು, ಅವುಗಳಲ್ಲಿ ನಿರ್ದೇಶನಕ್ಕೂ ಒಂದು. ಗೆದ್ದದ್ದು ಮಾತ್ರ ಛಾಯಾಗ್ರಹಣ, ಅದೂ ಫ್ರೆಡ್ಡಿ ಫ್ರಾನ್ಸಿಸ್ ಅವರದು! 70ರ ದಶಕದಲ್ಲಿ ನಿರ್ದೇಶನದ ಅವಕಾಶ ಕ್ಷೀಣಿಸಿದಾಗ ಅವರು ಬಿಂಕವಿಲ್ಲದೆ ಕ್ಯಾಮೆರಾದ ಹಿಂದಕ್ಕೆ ಮರಳಿದರು. ಈಜಿಪ್ಟ್‌ನಲ್ಲಿ ‘ಡೆತ್ ಆನ್ ದಿ ನೈಲ್’ ತೆಗೆದರು, ಎಪ್ಪತ್ತರ ಪ್ರಾಯದಲ್ಲಿ ಮೆಕ್ಸಿಕೊದ ಕಾಡಿನಲ್ಲಿ ‘ರ‍್ಯಾಂಬೊ’ದ ಎರಡನೇ ಭಾಗ. ಅದು ಅವರ ಶ್ರೇಷ್ಠ ಕೆಲಸವಲ್ಲ, ಒಪ್ಪುತ್ತೇನೆ. ಆದರೆ ಬದುಕಿಗಾಗಿ ದುಡಿಯುವ ತಂತ್ರಜ್ಞನಿಗೆ ಅದರಲ್ಲಿ ನಾಚಿಕೆ ಪಡುವಂಥದ್ದೇನಿದೆ? 2001ರಲ್ಲಿ ಗೌರವ ಆಸ್ಕರ್ ಪಡೆದ ಮೊದಲ ಛಾಯಾಗ್ರಾಹಕರಾದರು. 2009ರಲ್ಲಿ, 94ನೇ ವಯಸ್ಸಿನಲ್ಲಿ ತೀರಿಕೊಂಡರು.

ಮುಂದೆ ಕಾರ್ಡಿಫ್ ಅವರದೇ ಛಾಯಾಗ್ರಹಣದ ‘ಎ ಮ್ಯಾಟರ್ ಆಫ್ ಲೈಫ್ ಅಂಡ್ ಡೆತ್’ ನೋಡಿ. ಅದರಲ್ಲಿ ಭೂಮಿ ಬಣ್ಣದಲ್ಲಿದೆ, ಪರಲೋಕ ಕಪ್ಪು-ಬಿಳುಪಿನಲ್ಲಿ.