ಚರ್ಚಿನ ಗೀತೆಯನ್ನು ಬಿಡಿಸಿ ಓದಿದರೆ ಭಕ್ತಿ ಕೆಡುತ್ತದೆಯೇ?

ಸಂಪಾದಕರ ಉತ್ತರ

ಕಳೆದ ಸಂಚಿಕೆಯಲ್ಲಿ ಬೈಬಲಿನ 23ನೇ ಕೀರ್ತನೆಯನ್ನೂ ‘ಅಬೈಡ್ ವಿತ್ ಮಿ’ (ನನ್ನ ಜೊತೆಗಿರು) ಎಂಬ ಇಂಗ್ಲಿಷ್ ಗೀತೆಯನ್ನೂ ಸಣ್ಣ ಕವಿತೆಗಳೆಂದು ಹಿಡಿದು ಸಾಲು ಸಾಲಾಗಿ ಓದಿದ ಲೇಖನ ಹಾಕಿದ್ದೆವು. ಅದನ್ನು ನೋಡಿ ಬೆಟಗೇರಿಯ ನಿವೃತ್ತ ಮಾಸ್ತರರೊಬ್ಬರು ಉದ್ದನೆಯ ಪತ್ರ ಬರೆದಿದ್ದಾರೆ. ಅದರ ಸಾರ ಇಷ್ಟು: ಗೀತೆ ಇರುವುದು ಹಾಡುವುದಕ್ಕೆ, ಕೊಯ್ದು ನೋಡುವುದಕ್ಕಲ್ಲ. ನಾಲ್ಕು ಸಾಲಿನಲ್ಲಿ ಅಷ್ಟೊಂದು ಅಡಗಿದೆ ಎಂದರೆ ಅದು ಓದುವವರೇ ತುಂಬಿದ್ದು. ವಚನಕ್ಕೆ ಹೀಗೆ ಮಾಡುತ್ತೀರಾ? ಜೊತೆಗೆ, ‘ಅಮೇಜಿಂಗ್ ಗ್ರೇಸ್’ ಎಂಬ ಇಂಗ್ಲಿಷ್ ಚರ್ಚ್ ಗೀತೆಯ ಧಾಟಿಗೆ ತಾವೇ ಬರೆದ ಮೂರು ಚರಣದ ಕನ್ನಡ ಗೀತೆಯನ್ನೂ ಕಳಿಸಿದ್ದಾರೆ. ಅಕ್ಷರ ಎಣಿಸಿಯೇ ಬರೆದಿದ್ದರೂ ಹಾಡುವಾಗ ಕುಂಟುತ್ತದೆ, ಯಾಕೆ ಎಂದು ಕೇಳಿದ್ದಾರೆ.

ಮಾಸ್ತರರೇ, ನಮಸ್ಕಾರ.

ವಚನದ ಮಾತು ಮೊದಲು ಮುಗಿಸಿಬಿಡೋಣ, ಅದು ಸುಲಭ. ವಚನ ಬಿಡಿಸಿ ಓದುವ ರೂಢಿ ನಮ್ಮಲ್ಲಿ ಬಹಳ ಹಳೆಯದು. ಒಗಟಿನಂಥ ಬೆಡಗಿನ ವಚನಗಳಿಗೆ ಶತಮಾನಗಳ ಹಿಂದೆಯೇ ಟೀಕೆ ಬರೆದಿದ್ದಾರೆ. ಶ್ರಾವಣದ ಪ್ರವಚನದಲ್ಲಿ ಒಂದೇ ವಚನ ಹಿಡಿದು ಸಂಜೆಯಿಡೀ ಮಾತಾಡುವವರನ್ನು ನೀವೂ ಕೇಳಿರುತ್ತೀರಿ. ಅದರಿಂದ ಭಕ್ತಿಗೆ ಧಕ್ಕೆಯಾಯಿತು ಅಂತ ಯಾರೂ ತಕರಾರು ಮಾಡಿಲ್ಲ.

ಅಷ್ಟೇ ಅಲ್ಲ. ನಮ್ಮ ಮಲ್ಲಿಕಾರ್ಜುನ ಮನ್ಸೂರರು ಹಾಡಿದ ವಚನ ಕೇಳಿ ನೋಡಿ. ಒಂದು ಸಾಲು ಹಿಡಿದರೆ ಸುಮ್ನೆ ಬಿಡುವುದಿಲ್ಲ. ತಿರುಗಿಸಿ ನೋಡುತ್ತಾರೆ, ಎಳೆಯುತ್ತಾರೆ, ಮತ್ತೆ ಅದೇ ಸಾಲಿಗೆ ಬರುತ್ತಾರೆ. ಅದೂ ನಿಧಾನದ ಓದೇ, ಗಂಟಲಿನಿಂದ ಮಾಡಿದ್ದು. ಚರ್ಚಿನ ಗೀತೆಗೆ ಆ ಭಾಗ್ಯ ಇಲ್ಲ. ಹಾರ್ಮೋನಿಯಂ ಶುರುವಾಯಿತೆಂದರೆ ಸಭೆಯೆಲ್ಲ ಒಟ್ಟಿಗೆ ಹೊರಡಬೇಕು, ಒಟ್ಟಿಗೆ ಮುಟ್ಟಬೇಕು. ಒಂದು ಸಾಲು ಬಂತು, ಹೋಯಿತು, ಮುಂದಿನದು ಬಂತು. ಅರ್ಥವಾಗದವರಿಗೋಸ್ಕರ ಧಾಟಿ ನಿಲ್ಲುವುದಿಲ್ಲ. ಹಾಗಾಗಿ ನನ್ನ ಅಭಿಪ್ರಾಯ ನಿಮ್ಮದಕ್ಕೆ ನೇರ ಉಲ್ಟಾ: ಮನೆಯಲ್ಲಿ ಕೂತು ಓದುವ ಅಗತ್ಯ ವಚನಕ್ಕಿಂತ ಗೀತೆಗೇ ಜಾಸ್ತಿ.

ಈಗ ‘ತುಂಬಿದ್ದು’ ಎಂಬ ಆರೋಪ. 23ನೇ ಕೀರ್ತನೆಯನ್ನೇ ತೆಗೆದುಕೊಳ್ಳಿ. ಬರೀ ಆರು ವಚನ (ಬೈಬಲಿನ ಒಂದೊಂದು ವಾಕ್ಯಕ್ಕೂ ವಚನ ಎಂದೇ ಹೆಸರು). ದೇವರು ನನಗೆ ಕುರುಬ ಎಂದು ಶುರು. ಹಾವೇರಿ, ಗದಗ ಕಡೆಯ ಓದುಗರಿಗೆ ಇದಕ್ಕೆ ಟಿಪ್ಪಣಿ ಬೇಕಿಲ್ಲ. ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಕೋಲು. ಸುಗ್ಗಿ ಮುಗಿದ ಹೊಲದಲ್ಲಿ ಗೊಬ್ಬರಕ್ಕೆಂದು ಕುರಿ ಹಿಂಡು ನಿಲ್ಲಿಸಿದ್ದನ್ನು ನೋಡಿಯೇ ಬೆಳೆದವರು ನಾವು. ಮೊದಲ ಮೂರು ವಚನಗಳಲ್ಲಿ ಈ ಕುರುಬ ‘ಆತನು’. ಹಸಿರು ಹುಲ್ಲಿನಲ್ಲಿ ಮಲಗಿಸುತ್ತಾನೆ, ನೀರಿನ ಹತ್ತಿರ ಕರೆದೊಯ್ಯುತ್ತಾನೆ, ನೆಟ್ಟಗಿನ ದಾರಿಯಲ್ಲಿ ನಡೆಸುತ್ತಾನೆ. ನಮ್ಮ ಯಜಮಾನ ಒಳ್ಳೆಯವನು ಎಂದು ಪಕ್ಕದವರಿಗೆ ಹೇಳುವ ದನಿ ಅದು. ನಾಲ್ಕನೇ ವಚನದಲ್ಲಿ ಕತ್ತಲೆಯ ಕಣಿವೆ ಎದುರಾಗುತ್ತದೆ. ಅಲ್ಲಿಗೆ ‘ಆತನು’ ಹೋಯಿತು, ‘ನೀನು’ ಬಂತು. ನೀನು ಜೊತೆಗಿದ್ದೀಯ, ನಿನ್ನ ಕೋಲು ನನಗೆ ಧೈರ್ಯ. ಹುಲ್ಲು ನೀರು ಇರುವ ತನಕ ದೇವರ ಬಗ್ಗೆ ಮಾತು. ಕತ್ತಲಾದ ಮೇಲೆ ದೇವರ ಜೊತೆಗೇ ಮಾತು. ಹೆದರಿಕೆ ಆಯಿತು, ಹತ್ತಿರ ಸರಿದೆ ಅಂತ ಕವಿ ಎಲ್ಲೂ ಹೇಳಿಲ್ಲ. ಯಾರ ಕಡೆ ಮುಖ ಮಾಡಿ ಮಾತಾಡುತ್ತಿದ್ದಾನೆ ಎನ್ನುವುದನ್ನಷ್ಟೇ ಬದಲಿಸಿದ.

ಐದನೆಯದರಲ್ಲಿ ಇನ್ನೊಂದು ಚಮತ್ಕಾರ ಇದೆ. ಹಾಡುವಾಗ ಇದು ಯಾರ ಗಮನಕ್ಕೂ ಬರುವುದಿಲ್ಲ. ಕುರಿಯೇ ಕಾಣೆ! ವೈರಿಗಳ ಕಣ್ಣೆದುರೇ ಊಟ ಬಡಿಸಿದೆ, ತಲೆಗೆ ಎಣ್ಣೆ ಹಚ್ಚಿದೆ, ಪಾತ್ರೆ ತುಂಬಿ ಹರಿಯುತ್ತಿದೆ. ಕುರಿಗೆ ಯಾರೂ ಹೀಗೆ ಉಪಚಾರ ಮಾಡುವುದಿಲ್ಲ. ಕಣಿವೆ ದಾಟುವಷ್ಟರಲ್ಲಿ ಕುರುಬ ಮನೆಯ ಯಜಮಾನನಾದ, ಕುರಿ ಊಟಕ್ಕೆ ಕೂತ ಅತಿಥಿಯಾಯಿತು. ಇದೆಲ್ಲ ಸಾಲುಗಳಲ್ಲೇ ಇದೆ, ಬೆರಳಿಟ್ಟು ತೋರಿಸಬಹುದು. ಬೆರಳಿಡಲು ಜಾಗ ಸಿಗದಿದ್ದರೆ ಮಾತ್ರ ಓದುಗ ತುಂಬಿದ ಅನ್ನಿ. ಆ ಪರೀಕ್ಷೆಗೆ ನಮ್ಮ ಲೇಖನವನ್ನೂ ಒಡ್ಡಿ, ಬೇಜಾರಿಲ್ಲ.

‘ಅಬೈಡ್ ವಿತ್ ಮಿ’ ವಿಷಯಕ್ಕೆ ಬರೋಣ. ಇದರ ಧಾಟಿ ಚರ್ಚಿಗೆ ಹೋಗದವರಿಗೂ ಗೊತ್ತು. ಗಾಂಧೀಜಿಗೆ ಪ್ರಿಯವಾದ ಗೀತೆ. ದೆಹಲಿಯಲ್ಲಿ ಗಣರಾಜ್ಯೋತ್ಸವಕ್ಕೆ ತೆರೆ ಎಳೆಯುವ ಜನವರಿ 29ರ ಸೇನಾ ಬ್ಯಾಂಡಿನ ಸಮಾರಂಭ ಬೀಟಿಂಗ್ ರಿಟ್ರೀಟ್‌ನಲ್ಲಿ ವರ್ಷಾನುವರ್ಷ ನುಡಿಸುತ್ತಿದ್ದರು, 2022ರಲ್ಲಿ ಕೈಬಿಟ್ಟರು. ಬರೆದವರು ಹೆನ್ರಿ ಫ್ರಾನ್ಸಿಸ್ ಲೈಟ್ ಎಂಬ ಇಂಗ್ಲೆಂಡಿನ ಪಾದ್ರಿ. ಅವರು ತೀರಿಕೊಂಡದ್ದು 1847ರಲ್ಲಿ. ಈಗ ಎಲ್ಲರೂ ಹಾಡುವ ಧಾಟಿಯನ್ನು ವಿಲಿಯಂ ಮಾಂಕ್ ಕಟ್ಟಿದ್ದು 1861ರಲ್ಲಿ. ಕವಿ ಸಾಯುವ ಮುಂಚೆ ಹೇಗೆ ಬರೆದರು ಎಂಬ ಕಣ್ಣೀರಿನ ಕಥೆಗಳು ಬಹಳ ಇವೆ. ಅವುಗಳಿಲ್ಲದೆಯೂ ಗೀತೆ ನಿಲ್ಲುತ್ತದೆ. ನಿಲ್ಲದಿದ್ದರೆ ಕಥೆಯಿಂದ ಅದನ್ನು ನಿಲ್ಲಿಸಲಾಗದು.

ಗೀತೆಯ ಮೂಲ ಲೂಕನ ಸುವಾರ್ತೆಯ 24ನೇ ಅಧ್ಯಾಯದಲ್ಲಿದೆ. ಯೇಸು ಸತ್ತ ಮೇಲೆ ಇಬ್ಬರು ಶಿಷ್ಯರು ಎಮ್ಮಾಹು ಎಂಬ ಹಳ್ಳಿಗೆ ನಡೆದು ಹೋಗುತ್ತಿದ್ದಾರೆ. ದಾರಿಯಲ್ಲಿ ಒಬ್ಬ ಜೊತೆಯಾಗುತ್ತಾನೆ. ಅವನೇ ಯೇಸು ಅಂತ ಅವರಿಗೆ ತಿಳಿಯದು. ಹಳ್ಳಿ ಮುಟ್ಟಿದರೂ ಅವನು ಮುಂದೆ ಹೋಗುವವನ ಹಾಗೆ ಕಂಡ. ಸಂಜೆಯಾಯಿತು, ಹೊತ್ತು ಇಳಿಯಿತು, ನಮ್ಮಲ್ಲೇ ಉಳಿದುಕೋ ಎಂದು ಅವರು ಒತ್ತಾಯ ಮಾಡಿದರು. ದಾರಿಹೋಕನನ್ನು ಮನೆಗೆ ಕರೆಯುವ ಮಾತು ಅದು. ಕರೆದದ್ದು ಅವನ ಅನುಕೂಲಕ್ಕೆ. ಲೈಟ್ ಅದೇ ಮಾತು ಎತ್ತಿಕೊಂಡು ದಿಕ್ಕು ತಿರುಗಿಸಿದರು. ಇಲ್ಲಿ ಕರೆಯುವವನಿಗೇ ಆಸರೆ ಬೇಕು. ಇಬ್ಬರು ಹೇಳಿದ ‘ನಮ್ಮಲ್ಲಿ’ ಒಬ್ಬನ ‘ನನ್ನಲ್ಲಿ’ ಆಯಿತು. ಇಳಿಯುತ್ತಿರುವುದು ಆ ದಿನದ ಹೊತ್ತಷ್ಟೇ ಅಲ್ಲ, ಆಯುಷ್ಯದ ಹೊತ್ತು. ಶಿಷ್ಯರಿಗೆ ಯಾರನ್ನು ಕರೆಯುತ್ತಿದ್ದೇವೆ ಎಂದು ಗೊತ್ತಿರಲಿಲ್ಲ. ಹಾಡುವವನಿಗೆ ಚೆನ್ನಾಗಿ ಗೊತ್ತು.

ಇನ್ನು ಚರಣಗಳ ಕೊನೆಯ ಸಾಲು. ಸಾಮಾನ್ಯವಾಗಿ ಹಾಡುವುದು ಐದು ಚರಣ. ಪ್ರತಿ ಚರಣವೂ ‘ಜೊತೆಗಿರು’ ಎಂಬ ಮಾತಿಗೇ ಬಂದು ನಿಲ್ಲುತ್ತದೆ, ನಮ್ಮ ದಾಸರ ಪದ ಪಲ್ಲವಿಗೆ ಬರುವ ಹಾಗೆ. ಮೂರು ಸಲ ಅದು ಬೇಡಿಕೆ. ನಾಲ್ಕನೆಯದರಲ್ಲಿ ಮಾತ್ರ ‘ನೀನು ಜೊತೆಗಿದ್ದರೆ ಗೆಲ್ಲುತ್ತೇನೆ’ ಎಂದಾಗುತ್ತದೆ. ಗೀತೆಯಲ್ಲಿ ದನಿ ಅತಿ ಎತ್ತರಕ್ಕೆ ಏರುವುದು ಅಲ್ಲೇ. ಸಾವಿಗೇ ಸವಾಲು ಹಾಕುವ ಚರಣ ಅದು. ಸವಾಲು ಹಾಕುವಾಗಲೇ ಒಂದು ‘ರೆ’ ಸೇರಿಕೊಂಡಿದೆ ನೋಡಿ. ಧೈರ್ಯ ಇದೆ, ಆದರೆ ಷರತ್ತಿನ ಮೇಲೆ. ಐದನೆಯದರಲ್ಲಿ ಮತ್ತೆ ಬೇಡಿಕೆ. ಸಮಯ ಇಲ್ಲ ಎಂದು ಚರ್ಚಿನಲ್ಲಿ ಒಂದು ಚರಣ ಬಿಡುವ ರೂಢಿ ಉಂಟಲ್ಲ, ನಾಲ್ಕನೆಯದನ್ನು ಬಿಟ್ಟರೆ ಈ ಏರಿಳಿತವೇ ಹೋಯಿತು.

ಹಾಗಂತ ಎಲ್ಲ ಗೀತೆಗಳೂ ಇಷ್ಟು ಗಟ್ಟಿ ಎಂದು ನಾವು ಹೇಳುತ್ತಿಲ್ಲ. ಪ್ರಾಸಕ್ಕೆ ಸಿಕ್ಕ ಪದ ತುರುಕಿದವು, ಬರೀ ಸ್ತೋತ್ರದ ಮಾತು ಪೇರಿಸಿದವು ಬೇಕಾದಷ್ಟಿವೆ. ಅಂಥವನ್ನು ಹಾಡಿ, ಓದಬೇಡಿ.

ನಿಮ್ಮ ಗೀತೆ ಕುಂಟುವ ಪ್ರಶ್ನೆ ನನಗೆ ಎಲ್ಲಕ್ಕಿಂತ ಇಷ್ಟವಾಯಿತು. ಇಂಗ್ಲಿಷ್ ಗೀತೆಗಳಲ್ಲಿ ಎಂಟು-ಆರು-ಎಂಟು-ಆರು ಎಂದು ಸಾಲಿನ ಅಕ್ಷರ ಎಣಿಸುವ ಅಳತೆ ಇದೆ. ಅಳತೆ ಒಂದೇ ಆದರೆ ಯಾವ ಪದಕ್ಕೆ ಯಾವ ಧಾಟಿಯನ್ನಾದರೂ ಕೂಡಿಸಬಹುದು, ರೆಡಿಮೇಡ್ ಅಂಗಿಯ ಹಾಗೆ. ‘ಅಮೇಜಿಂಗ್ ಗ್ರೇಸ್’ ಕೂಡ ಹೀಗೇ ಆದದ್ದು. ಜಾನ್ ನ್ಯೂಟನ್ ಬರೆದ ಪದ ಅಚ್ಚಾಗಿದ್ದು 1779ರಲ್ಲಿ. ಇವತ್ತಿನ ಧಾಟಿ ಅದಕ್ಕೆ ಜೊತೆಯಾದದ್ದು 1835ರಲ್ಲಿ, ಅಮೆರಿಕದಲ್ಲಿ. ನೀವೂ ಅದೇ ಲೆಕ್ಕ ಹಿಡಿದು ‘ದಾರಿ ತೋರು ದೇವ ನೀನು’ ಎಂದು ಬರೆದಿರಿ. ಎಂಟೇ ಅಕ್ಷರ, ಲೆಕ್ಕ ಸರಿ.

ತೊಂದರೆ ಇರುವುದು ಧಾಟಿಯ ನಡೆಯಲ್ಲಿ. ಅದು ಒಂದು ಗಿಡ್ಡ ಸ್ವರದಿಂದ ಶುರುವಾಗಿ ಉದ್ದ ಸ್ವರದ ಮೇಲೆ ಕೂರುತ್ತದೆ: ಗಿಡ್ಡ-ಉದ್ದ, ಗಿಡ್ಡ-ಉದ್ದ. ಇಂಗ್ಲಿಷ್ ಪದದಲ್ಲಿ ಒತ್ತು ಬೀಳುವ ಅಕ್ಷರ ಸರಿಯಾಗಿ ಉದ್ದ ಸ್ವರಕ್ಕೆ ಸಿಗುತ್ತದೆ. ನಿಮ್ಮ ಸಾಲಿನಲ್ಲಿ ಎರಡು ಮಾತ್ರೆಯ ಗುರು ಮೊದಲು, ಒಂದು ಮಾತ್ರೆಯ ಲಘು ಆಮೇಲೆ. ದಾ-ರಿ, ತೋ-ರು, ದೇ-ವ, ನೀ-ನು. ಧಾಟಿಗೆ ಕೂಡಿಸಿದರೆ ‘ದರೀ ತೊರೂ ದೆವಾ ನಿನೂ’ ಎಂದಾಗುತ್ತದೆ. ಜೋರಾಗಿ ಹಾಡಿ ನೋಡಿ, ಮನೆಯವರು ನಗುತ್ತಾರೆ. ತಪ್ಪು ನಿಮ್ಮದಲ್ಲ, ಕನ್ನಡದ ನಡಿಗೆಯೇ ಹಾಗೆ. ಷಟ್ಪದಿಯಲ್ಲಿ ಲಘು-ಗುರುವಿನಿಂದ ಗಣ ಶುರುವಾಗಬಾರದು ಎಂಬ ನಿಯಮ ನೀವೇ ಮಕ್ಕಳಿಗೆ ಕಲಿಸಿದ್ದೀರಿ, ಅಲ್ವಾ? ನಮ್ಮ ಛಂದಸ್ಸು ಬೇಡ ಎಂದದ್ದನ್ನೇ ಆ ಧಾಟಿ ಕೇಳುತ್ತಿದೆ. ಇಂಥ ಧಾಟಿಗೆ ಬರೆಯಲು ಕೂತವರು ಸದಾ, ಮಹಾ, ದಯಾ ಎಂದು ಸಂಸ್ಕೃತದ ಕಡೆ ಕೈ ಚಾಚಿದರೆ ಆಶ್ಚರ್ಯ ಇಲ್ಲ. ಲಘು-ಗುರು ಪದಗಳು ಧಾರಾಳವಾಗಿ ಸಿಗುವುದು ಅಲ್ಲೇ.

ಈ ಗಂಟು ನಮ್ಮ ಕಡೆ ಹಳೆಯದು. ಬಾಸೆಲ್ ಮಿಶನ್ ಎಂಬ ಕ್ರೈಸ್ತ ಸಂಸ್ಥೆಯವರು 1837ರಲ್ಲಿ ಧಾರವಾಡಕ್ಕೆ, 1839ರಲ್ಲಿ ಹುಬ್ಬಳ್ಳಿಗೆ, 1841ರಲ್ಲಿ ನಿಮ್ಮ ಬೆಟಗೇರಿಗೆ ಬಂದರು. ಬರುವಾಗ ಜರ್ಮನ್ ಧಾಟಿಗಳನ್ನೂ ತಂದರು. ಅವರ ಪೈಕಿ ಕಿಟೆಲ್ಲರು ಬೇರೆ ದಾರಿ ಹಿಡಿದರು. ಯೇಸುವಿನ ಬದುಕನ್ನು ‘ಕಥಾಮಾಲೆ’ಯಲ್ಲಿ ನಮ್ಮ ಕಾವ್ಯದ ರೀತಿಯಲ್ಲೇ ಹೇಳಿದರು. 1875ರಲ್ಲಿ ನಾಗವರ್ಮನ ಛಂದಸ್ಸಿನ ಗ್ರಂಥವನ್ನು ಸಂಪಾದಿಸಿ ಅಚ್ಚು ಹಾಕಿಸಿದರು. 1894ರ ನಿಘಂಟಿನ ಹೆಸರಿನಲ್ಲಿ ನಾವು ಅವರನ್ನು ಹೊಗಳುತ್ತೇವೆ, ಛಂದಸ್ಸಿನ ಕೆಲಸ ಮರೆಯುತ್ತೇವೆ.

ನಿಮಗೆ ನನ್ನ ಸಲಹೆ: ಧಾಟಿ ಬಿಡಿ, ಸಾಲು ಉಳಿಸಿಕೊಳ್ಳಿ. ಮಾತ್ರೆ ಎಣಿಸಿ. ‘ದಾರಿ ತೋರು’ ಆರು, ‘ದೇವ ನೀನು’ ಆರು. ಆರು ಮಾತ್ರೆಯ ದಾದರಾ ತಾಳದ ಎರಡು ಆವರ್ತನ, ಒಂದು ಕೂದಲೂ ಹೆಚ್ಚಿಲ್ಲ. ಗದಗಿನಲ್ಲಿ ತಬಲಾ ನುಡಿಸುವವರಿಗೆ ಬರವೇ? ಆದರೆ ಎರಡನೇ ಸಾಲು ‘ಕತ್ತಲು ಸುತ್ತಿದೆ’ ನಾಲ್ಕು-ನಾಲ್ಕಾಗಿ ನಡೆಯುತ್ತದೆ, ಅದು ದಾದರಾಕ್ಕೆ ಒಗ್ಗದು. ‘ಸುತ್ತ ಕವಿದ ಇರುಳ ನಡುವೆ’ ಎಂದರೆ ಮೂರು-ಮೂರಾಗಿ ಹನ್ನೆರಡು ಆಗುತ್ತದೆ. ಇದು ಬರೀ ಸೂಚನೆ. ಇದಕ್ಕಿಂತ ಒಳ್ಳೆಯದು ನಿಮಗೇ ಹೊಳೆದೀತು.

ಇನ್ನು ಮೂರನೇ ಚರಣ. ಮೊದಲೆರಡರಲ್ಲಿ ನೀವು ದೇವರ ಜೊತೆ ಮಾತಾಡುತ್ತಿದ್ದಿರಿ. ಮೂರನೆಯದರಲ್ಲಿ ಒಮ್ಮೆಲೇ ಸಭೆಯ ಕಡೆ ತಿರುಗಿ ‘ಬನ್ನಿರಿ, ದುಡ್ಡಿನ ಆಸೆ ಬಿಡಿರಿ’ ಎಂದು ಬುದ್ಧಿ ಹೇಳಲು ಹತ್ತಿದಿರಿ. ಪ್ರಾರ್ಥನೆ ಹೋಗಿ ಪಾಠ ಆಯಿತು. ಮಾಸ್ತರಿಕೆಯ ಅಭ್ಯಾಸ ಇರಬಹುದು! ಬಸವಣ್ಣನ ‘ಉಳ್ಳವರು ಶಿವಾಲಯ ಮಾಡುವರು’ ನಿಮಗೆ ಬಾಯಿಪಾಠ ಇರುತ್ತದೆ. ಶುರುವಿನಲ್ಲಿ ಶ್ರೀಮಂತರ ಮಾತು, ನಡುವೆ ‘ಎನ್ನ ಕಾಲೇ ಕಂಬ’ ಎಂದು ತನ್ನ ಮಾತು. ಕೊನೆಗೆ ಸ್ಥಾವರ ಅಳಿಯುತ್ತದೆ, ಜಂಗಮ ಅಳಿಯುವುದಿಲ್ಲ ಎಂಬ ತೀರ್ಪು. ಆ ತೀರ್ಪನ್ನು ಬಸವಣ್ಣ ಶ್ರೀಮಂತರ ಮುಖಕ್ಕೆ ಎಸೆಯಲಿಲ್ಲ. ‘ಕೂಡಲಸಂಗಮದೇವಾ ಕೇಳಯ್ಯಾ’ ಎಂದು ದೇವರಿಗೆ ಹೇಳಿದ. ಶ್ರೀಮಂತರು ಪಕ್ಕದಲ್ಲಿ ನಿಂತು ಕೇಳಿಸಿಕೊಳ್ಳಬೇಕಾಯಿತು. ಅದಕ್ಕೇ ಚುಚ್ಚುವುದು ಜಾಸ್ತಿ. ನಿಮ್ಮ ದುಡ್ಡಿನ ಮಾತನ್ನೂ ದೇವರಿಗೇ ಹೇಳಿ ನೋಡಿ, ಸಭೆ ಕೇಳಿಸಿಕೊಳ್ಳಲಿ.

ತಿದ್ದಿದ ಪ್ರತಿಯನ್ನು ಈ ತಿಂಗಳ 20ರೊಳಗೆ ಕಳಿಸಿದರೆ ಮುಂದಿನ ಸಂಚಿಕೆಗೆ ಸೇರುತ್ತದೆ. ಯಾವ ರಾಗದಲ್ಲಿ ಕೂಡಿಸಿದಿರಿ ಎಂದು ಮೇಲೆ ಒಂದು ಸಾಲು ಬರೆಯಿರಿ. ಹಾಳೆಯ ಒಂದೇ ಬದಿಗೆ ಬರೆಯುವುದನ್ನು ಮರೆಯಬೇಡಿ, ಪತ್ರದ ಹಿಂಬದಿಯ ಶಾಯಿ ಮುಂದಕ್ಕೆ ಮೂಡಿ ನಮ್ಮ ಡಿಟಿಪಿ ಹುಡುಗ ಒದ್ದಾಡಿದ.